ಹೂಣರ ಕುದುರೆಯೂ ರೋಮಿನ ಗೋಡೆಯೂ

 ನಮ್ಮ ಸಮಾಜ ವಿಜ್ಞಾನದ ಪಾಠಗಳಲ್ಲಿ ಹೂಣರು ಎರಡು ಸಲ ಬರುತ್ತಾರೆ. ಗುಪ್ತರ ಪಾಠದಲ್ಲಿ ಒಂದು ಸಲ, ರೋಮ್ ಸಾಮ್ರಾಜ್ಯದ ಪತನದಲ್ಲಿ ಇನ್ನೊಂದು ಸಲ. ಎರಡು ಕಡೆಯೂ ಬಿರುಗಾಳಿ ಹಾಗೆ ಬಂದರು, ಊರು ಸುಟ್ಟರು, ಹೋದರು ಅನ್ನುವಲ್ಲಿಗೆ ಮಾತು ಮುಗಿಯುತ್ತೆ. ಆದರೆ ಓದುವಾಗ ನನಗೆ ಎರಡು ಪ್ರಶ್ನೆ ಹುಟ್ಟಿದವು. ನಾಲ್ಕಾರು ನೂರು ವರ್ಷ ಯುದ್ಧದಲ್ಲೇ ಪಳಗಿದ ರೋಮನ್ ಸೈನ್ಯ ಇವರ ಮುಂದೆ ಯಾಕೆ ಸೋತಿತು? ಸೋತಿದ್ದು ನಿಜವಾದರೆ, ಹೂಣರ ದೊರೆ ಅಟ್ಟಿಲ ರೋಮ್ ನಗರದೊಳಗೆ ಒಂದು ಸಲವೂ ಕಾಲಿಡಲಿಲ್ಲ, ಅದು ಯಾಕೆ? ಈ ಲೇಖನ ಬರೆದದ್ದು ಈ ಎರಡು ಪ್ರಶ್ನೆಗಾಗಿ. (ತೋರಮಾಣ, ಮಿಹಿರಕುಲರ ಹೂಣರೂ ಯುರೋಪಿನ ಹೂಣರೂ ಒಂದೇ ಜನವೇ ಅನ್ನುವ ಬಗ್ಗೆ ವಿದ್ವಾಂಸರಲ್ಲಿ ಒಮ್ಮತವಿಲ್ಲ. ನಾನು ಇಲ್ಲಿ ಹೇಳುವುದು ಯುರೋಪಿನವರ ವಿಷಯ ಮಾತ್ರ.)

ಮೊದಲು ಭೂಪಟ ನೋಡಿ. ಕಪ್ಪು ಸಮುದ್ರದ ಉತ್ತರಕ್ಕೆ, ಅಲ್ಲಿಂದ ಪೂರ್ವಕ್ಕೆ ಸಾವಿರಾರು ಮೈಲಿ ಬರೀ ಹುಲ್ಲುಗಾವಲು. ಹೂಣರು ಬಂದದ್ದು ಆ ಕಡೆಯಿಂದ. ರೋಮಿನ ಗಡಿ ಅಂದರೆ ಎರಡು ದೊಡ್ಡ ನದಿಗಳು, ರೈನ್ ಮತ್ತು ಡ್ಯಾನ್ಯೂಬ್. 395ರ ನಂತರ ಸಾಮ್ರಾಜ್ಯಕ್ಕೆ ಇಬ್ಬರು ಚಕ್ರವರ್ತಿಗಳು. ಪೂರ್ವದವನು ಕಾನ್‌ಸ್ಟಾಂಟಿನೋಪಲ್‌ನಲ್ಲಿ (ಇಂದಿನ ಇಸ್ತಾಂಬುಲ್), ಪಶ್ಚಿಮದವನು ಇಟಲಿಯಲ್ಲಿ. ಇದನ್ನು ನೆನಪಿಟ್ಟುಕೊಂಡರೆ ಮುಂದಿನದು ಸುಲಭ.

ಹೂಣರ ಶಕ್ತಿ ಇದ್ದದ್ದು ಅವರ ಬಿಲ್ಲಿನಲ್ಲಿ. ಅದು ಒಂದು ಕೋಲು ಬಗ್ಗಿಸಿ ಹುರಿ ಕಟ್ಟಿದ ಬಿಲ್ಲಲ್ಲ. ನಡುವೆ ಮರ, ಹೊಡೆಯುವವನ ಕಡೆಗೆ ಕೊಂಬಿನ ಪಟ್ಟಿ, ಹೊರಗಡೆ ಪ್ರಾಣಿಯ ನರ, ಹಿಡಿಯಲ್ಲೂ ಎರಡು ತುದಿಯಲ್ಲೂ ಮೂಳೆಯ ಪಟ್ಟಿ. ಇಷ್ಟನ್ನೂ ಅಂಟು ಹಾಕಿ ಕೂಡಿಸಿ, ಚೆನ್ನಾಗಿ ಒಣಗಿಸಬೇಕು. ಎಳೆದಾಗ ಕೊಂಬು ಒತ್ತಿಕೊಳ್ಳುತ್ತೆ, ನರ ಹಿಗ್ಗುತ್ತೆ. ಬಿಟ್ಟ ಕೂಡಲೇ ಎರಡೂ ಸೇರಿ ಬಾಣವನ್ನು ದೂಡುತ್ತವೆ. ಹೀಗಾಗಿ ಬಿಲ್ಲು ಚಿಕ್ಕದಾದರೂ ಹೊಡೆತ ದೊಡ್ಡದು. ಇನ್ನೊಂದು ಜಾಣತನ ನೋಡಿ: ಬಿಲ್ಲಿನ ಕೆಳಗಿನ ಅರ್ಧ ಮೇಲಿನದಕ್ಕಿಂತ ಗಿಡ್ಡ. ಕುದುರೆಯ ಮೇಲೆ ಕೂತವನು ಎಡಕ್ಕೂ ಬಲಕ್ಕೂ ತಿರುಗಿಸುವಾಗ ಅದು ಕುದುರೆಯ ಕುತ್ತಿಗೆಗೆ ತಾಗಬಾರದು ಅಂತ. ಜೀನಿನಿಂದ ಇಳಿಬಿಟ್ಟು ಕಾಲು ಊರುವ ರಿಕಾಪು ಹೂಣರಲ್ಲಿ ಇತ್ತು ಅನ್ನುವುದಕ್ಕೆ ಸಾಕ್ಷಿಯೇ ಸಿಕ್ಕಿಲ್ಲ. ಅದಿಲ್ಲದೆ ಓಡುವ ಕುದುರೆಯಿಂದ ಹಿಂದಕ್ಕೆ ತಿರುಗಿ ಗುರಿ ಹೊಡೆಯಬೇಕಾದರೆ ಚಿಕ್ಕಂದಿನಿಂದ ಅಭ್ಯಾಸ ಬೇಕು.

ಅವರು ಯುದ್ಧ ಮಾಡುವ ರೀತಿಯನ್ನು ಅಮ್ಮಿಯಾನಸ್ ಮಾರ್ಸೆಲಿನಸ್ ಎಂಬ ರೋಮನ್ ಇತಿಹಾಸಕಾರ 4ನೇ ಶತಮಾನದ ಕೊನೆಯಲ್ಲಿ ಬರೆದಿದ್ದಾನೆ. ಅವನು ಸ್ವತಃ ಸೈನಿಕನಾಗಿದ್ದವನು. ಹೂಣರು ಸಾಲುಗಟ್ಟಿ ನಿಲ್ಲುವುದಿಲ್ಲ, ಗುಂಪು ಗುಂಪಾಗಿ ಚದುರಿ ನುಗ್ಗುತ್ತಾರೆ, ದೂರದಿಂದ ಬಾಣ ಬಿಟ್ಟು ಓಡಿಹೋದಂತೆ ಮಾಡಿ ಮತ್ತೆ ತಿರುಗುತ್ತಾರೆ, ಹತ್ತಿರ ಬಂದರೆ ಕತ್ತಿ ಹಿಡಿಯುತ್ತಾರೆ, ಹಗ್ಗದ ಕುಣಿಕೆ ಎಸೆದು ಎದುರಾಳಿಯ ಕೈಕಾಲು ಕಟ್ಟಿಹಾಕುತ್ತಾರೆ ಅನ್ನುತ್ತಾನೆ. ಗುರಾಣಿಗೆ ಗುರಾಣಿ ಸೇರಿಸಿ ನಿಲ್ಲುವ ರೋಮನ್ ಕಾಲಾಳುಗಳಿಗೆ ಇದು ಹೊಸ ತಲೆನೋವು. ನಿಂತರೆ ಬಾಣ, ಅಟ್ಟಿಸಿಕೊಂಡು ಹೋದರೆ ಸಾಲು ಒಡೆಯುತ್ತೆ.

ಅದೇ ಅಮ್ಮಿಯಾನಸ್ ಬೇರೆ ಸಂಗತಿಗಳನ್ನೂ ಬರೆದಿದ್ದಾನೆ. ಹೂಣರು ಹಸಿ ಮಾಂಸವನ್ನು ತೊಡೆಗೂ ಕುದುರೆಯ ಬೆನ್ನಿಗೂ ನಡುವೆ ಇಟ್ಟು ಬೆಚ್ಚಗೆ ಮಾಡಿ ತಿನ್ನುತ್ತಾರಂತೆ, ಅಡುಗೆಗೆ ಬೆಂಕಿಯೇ ಬೇಡವಂತೆ. ಎಷ್ಟೋ ಪುಸ್ತಕಗಳಲ್ಲಿ ಇದನ್ನೇ ಹಾಗೆಹಾಗೇ ಇಳಿಸಿದ್ದಾರೆ. ಆದರೆ ನೆಲ ಅಗೆದವರಿಗೆ ಹೂಣರ ತಾಮ್ರದ ಹಂಡೆಗಳು ಸಿಕ್ಕಿವೆ. ಹಂಗೇರಿಯ ಟ್ಯೋರ್ಟೆಲ್‌ನಲ್ಲಿ ಸಿಕ್ಕಿದ್ದು ಹತ್ತಿರ ಹತ್ತಿರ ಮೂರು ಅಡಿ ಎತ್ತರ ಇದೆ. ಬೆಂಕಿಯೇ ಬೇಡ ಅನ್ನುವ ಜನ ಇಷ್ಟು ದೊಡ್ಡ ಹಂಡೆಯನ್ನು ಯಾಕೆ ಎರಕ ಹೊಯ್ಯಿಸುತ್ತಾರೆ? ಆದ್ದರಿಂದ ಅಮ್ಮಿಯಾನಸ್ ಯುದ್ಧದ ಬಗ್ಗೆ ಹೇಳಿದ್ದನ್ನು ನಂಬೋಣ, ಊಟದ ಬಗ್ಗೆ ಹೇಳಿದ್ದನ್ನು ಸ್ವಲ್ಪ ತಡೆದು ನಂಬೋಣ.

ರೋಮಿಗೆ ಬಿದ್ದ ಮೊದಲ ಪೆಟ್ಟು ಹೂಣರ ಕೈಯಿಂದ ನೇರವಾಗಿ ಬಿದ್ದದ್ದಲ್ಲ. 370ರ ದಶಕದಲ್ಲಿ ಹೂಣರು ಮೊದಲು ಅಲನರನ್ನು, ಆಮೇಲೆ ಗಾಥರನ್ನು ಸೋಲಿಸಿದರು. ಮನೆಮಠ ಬಿಟ್ಟ ಗಾಥರು 376ರಲ್ಲಿ ಹೆಂಡತಿ ಮಕ್ಕಳ ಸಮೇತ ಡ್ಯಾನ್ಯೂಬ್ ದಡಕ್ಕೆ ಬಂದು, ನಮ್ಮನ್ನು ಒಳಗೆ ಬಿಟ್ಟುಕೊಳ್ಳಿ ಅಂತ ಬೇಡಿದರು. ಚಕ್ರವರ್ತಿ ವೇಲೆನ್ಸ್ ಒಪ್ಪಿದ. ಆದರೆ ಅವರಿಗೆ ಕೊಡಬೇಕಾದ ಧಾನ್ಯದಲ್ಲಿ ಅಲ್ಲಿನ ಅಧಿಕಾರಿಗಳು ವ್ಯಾಪಾರ ಶುರುಮಾಡಿದರು. ಹಸಿದ ಗಾಥರಿಗೆ ನಾಯಿ ಮಾಂಸ ಮಾರಿದರು, ಒಂದು ನಾಯಿಗೆ ಒಬ್ಬ ಗುಲಾಮ. ಹಾಗೆ ಗುಲಾಮರಾದವರಲ್ಲಿ ಗಾಥ್ ಮುಖ್ಯಸ್ಥರ ಮಕ್ಕಳೂ ಇದ್ದರು. ಇದನ್ನು ಬರೆದವನು ಗಾಥನಲ್ಲ, ಅದೇ ಅಮ್ಮಿಯಾನಸ್. ತನ್ನ ದೇಶದ ಅಧಿಕಾರಿಗಳ ಹೆಸರು ಹಿಡಿದೇ ಬರೆದಿದ್ದಾನೆ: ಲುಪಿಸಿನಸ್ ಮತ್ತು ಮ್ಯಾಕ್ಸಿಮಸ್. ಗಾಥರು ದಂಗೆ ಎದ್ದರು. 378ರ ಆಗಸ್ಟ್ 9ರಂದು ಏಡ್ರಿಯಾನೋಪಲ್ ಬಯಲಿನಲ್ಲಿ ವೇಲೆನ್ಸ್ ಸತ್ತ, ಅವನ ಸೈನ್ಯದ ಮೂರರಲ್ಲಿ ಎರಡು ಭಾಗ ಹೋಯಿತು. ಬರ್ಬರರು ಬಂದು ರೋಮನ್ನು ಕೆಡವಿದರು ಅಂತ ಬರೆಯುವಾಗ ಈ ನಾಯಿಯ ಲೆಕ್ಕವನ್ನೂ ಬರೆಯಬೇಕು ಅಂತ ನನ್ನ ಅಭಿಪ್ರಾಯ.

ಇನ್ನು ಹುಲ್ಲಿನ ವಿಷಯ. ನನಗೆ ಎಲ್ಲಕ್ಕಿಂತ ಹಿಡಿಸಿದ್ದು ಇದು. ಹುಲ್ಲುಗಾವಲಿನ ಒಬ್ಬ ಸವಾರನಿಗೆ ಒಂದು ಕುದುರೆ ಸಾಲದು, ಒಂದು ದಣಿದರೆ ಇನ್ನೊಂದು ಬೇಕು. ಮನೆಯಲ್ಲಿ ದನ ಕಟ್ಟಿರುವವರಿಗೆ ಬೇಸಿಗೆಯಲ್ಲಿ ಮೇವು ಹೊಂದಿಸುವ ಕಷ್ಟ ಗೊತ್ತೇ ಇದೆ. ಹೂಣರು 5ನೇ ಶತಮಾನದಲ್ಲಿ ಬೀಡು ಬಿಟ್ಟದ್ದು ಇಂದಿನ ಹಂಗೇರಿಯ ಬಯಲಿನಲ್ಲಿ. ಲಿಂಡ್ನರ್ ಎಂಬ ಇತಿಹಾಸಕಾರರು 1981ರಲ್ಲಿ ಒಂದು ಲೆಕ್ಕ ಹಾಕಿದರು. ಆ ಬಯಲಿನ ಹುಲ್ಲು ಹೆಚ್ಚೆಂದರೆ ಒಂದೂವರೆ ಲಕ್ಷ ಕುದುರೆಗೆ ಸಾಕು; ಒಬ್ಬನಿಗೆ ಹತ್ತು ಕುದುರೆ ಅಂತ ಹಿಡಿದರೆ ಹದಿನೈದು ಸಾವಿರ ಸವಾರರಾದರು. ಹಳೆಯ ಪುಸ್ತಕಗಳಲ್ಲಿ ಬರುವ ಲಕ್ಷಗಟ್ಟಲೆ ಕುದುರೆ ಸವಾರರು ಎಲ್ಲಿ ಮೇಯಿಸುತ್ತಿದ್ದರು? ಹಾಗಾದರೆ ಅಟ್ಟಿಲನ ದೊಡ್ಡ ಸೈನ್ಯದಲ್ಲಿ ಇದ್ದವರು ಯಾರು? ಹೆಚ್ಚಿನವರು ಅವನ ಕೈಕೆಳಗಿನ ಗಾಥರು, ಗೆಪಿಡರು ಮುಂತಾದ ಜನ. ಅವರಲ್ಲಿ ನಡೆದುಕೊಂಡೇ ಬರುವವರೂ ಬಹಳ. ಅಷ್ಟು ಜನರನ್ನು ಒಟ್ಟಿಗೆ ಹಿಡಿದಿಡಬೇಕಾದರೆ ನಾಯಕರಿಗೆ ಏನಾದರೂ ಹಂಚುತ್ತಲೇ ಇರಬೇಕು. ಹಂಚುವುದಕ್ಕೆ ಚಿನ್ನ ಬೇಕು. ಚಿನ್ನ ಇರುವುದು ರೋಮನ್ನರ ಹತ್ತಿರ.

ಆ ಚಿನ್ನದ ಲೆಕ್ಕ ಹೀಗಿದೆ. ಅಟ್ಟಿಲನ ಚಿಕ್ಕಪ್ಪ ರುವನ ಕಾಲದಲ್ಲಿ ಪೂರ್ವ ರೋಮ್ ವರ್ಷಕ್ಕೆ 350 ಪೌಂಡು ಚಿನ್ನ ಕೊಡುತ್ತಿತ್ತು. 435ರ ಸುಮಾರಿಗೆ ಮಾರ್ಗಸ್ ಎಂಬ ಊರಿನ ಬಳಿ ಅಟ್ಟಿಲನೂ ಅವನ ಅಣ್ಣ ಬ್ಲೇಡನೂ ಒಪ್ಪಂದ ಮಾಡಿಕೊಂಡಾಗ ಅದು 700 ಆಯಿತು. (ಹೂಣರು ಕುದುರೆಯಿಂದ ಇಳಿಯದೆ ಮಾತಾಡಿದರು. ತಾವು ಕೆಳಗೆ ನಿಂತು ತಲೆಯೆತ್ತಿ ಮಾತಾಡುವುದು ಮರ್ಯಾದೆ ಅಲ್ಲ ಅಂತ ರೋಮನ್ ರಾಯಭಾರಿಗಳೂ ಕುದುರೆ ಮೇಲೆಯೇ ಕೂತರಂತೆ!) 440ರ ದಶಕದ ಸೋಲುಗಳ ನಂತರ ವರ್ಷಕ್ಕೆ 2,100 ಪೌಂಡು, ಹಳೆಯ ಬಾಕಿ ಅಂತ ಒಂದೇ ಸಲಕ್ಕೆ 6,000 ಪೌಂಡು. ರೋಮನ್ ಪೌಂಡು ಸುಮಾರು 327 ಗ್ರಾಂ. ಗುಣಿಸಿ ನೋಡಿ, 2,100 ಪೌಂಡು ಅಂದರೆ ಸುಮಾರು 687 ಕಿಲೋ ಬರುತ್ತೆ. ತಪ್ಪಿಸಿಕೊಂಡು ಬಂದ ಪ್ರತಿಯೊಬ್ಬ ರೋಮನ್ ಕೈದಿಯ ತಲೆಗೂ ಹನ್ನೆರಡು ಚಿನ್ನದ ನಾಣ್ಯ ಬೇರೆ. ದೊಡ್ಡ ಮನೆತನದವರು ಹೆಂಡಿರ ಒಡವೆ ಮಾರಬೇಕಾಯಿತು ಅಂತ ಆ ಕಾಲದ ಪ್ರಿಸ್ಕಸ್ ಕೊರಗಿದ್ದಾನೆ. ಆದರೆ ರೋಮ್ ನಗರದ ಅತಿ ಶ್ರೀಮಂತ ಮನೆಗಳಿಗೆ ವರ್ಷಕ್ಕೆ 4,000 ಪೌಂಡು ಚಿನ್ನದ ಹುಟ್ಟುವಳಿ ಇತ್ತು ಅಂತ ಒಲಿಂಪಿಯೊಡೋರಸ್ ಎಂಬುವನು ಬರೆದಿದ್ದಾನೆ. ಎರಡನ್ನೂ ಪಕ್ಕಪಕ್ಕ ಇಟ್ಟು ನೋಡಿದರೆ, ರೋಮನ್ನರ ಬೊಕ್ಕಸ ಬರಿದಾಗುವಷ್ಟು ಅದೇನೂ ಆಗಿರಲಿಲ್ಲ ಅನ್ನಿಸುತ್ತೆ. ಯುದ್ಧಕ್ಕಿಂತ ಕಪ್ಪ ಅಗ್ಗ ಅಂತ ಅವರು ಲೆಕ್ಕ ಹಾಕಿದ್ದರು.

ಮಳೆಯ ಸಂಗತಿಯೂ ಒಂದಿದೆ. ಮಧ್ಯ ಯುರೋಪಿನ ಓಕ್ ಮರಗಳ ಉಂಗುರಗಳನ್ನು ಪರೀಕ್ಷಿಸಿ ಹಾಕೆನ್‌ಬೆಕ್ ಮತ್ತು ಬ್ಯುಂಟ್‌ಗೆನ್ ಎಂಬ ವಿಜ್ಞಾನಿಗಳು 2022ರಲ್ಲಿ ಒಂದು ಲೇಖನ ಪ್ರಕಟಿಸಿದರು. 420ರಿಂದ 450ರವರೆಗಿನ ಬೇಸಿಗೆಗಳು ಹಂಗೇರಿ ಕಡೆ ವಿಪರೀತ ಒಣಗಿದ್ದವು ಅಂತ ಅವರಿಗೆ ಕಂಡುಬಂತು. ಹುಲ್ಲು ಒಣಗಿ, ಬೆಳೆ ಕೈಕೊಟ್ಟಾಗ ದನಕರು, ಧಾನ್ಯಕ್ಕಾಗಿ ದಾಳಿಗಳು ಹೆಚ್ಚಿರಬಹುದು ಅನ್ನುವುದು ಅವರ ವಾದ. ಚಿನ್ನದ ಆಸೆಯೊಂದನ್ನೇ ಹೇಳುವುದಕ್ಕಿಂತ ಇದು ನನಗೆ ಹೆಚ್ಚು ಸರಿ ಕಾಣುತ್ತೆ. ಆದರೂ ಎರಡೂ ಸೇರಿಯೇ ಇದ್ದಿರಬೇಕು.

441ರಲ್ಲಿ ಯುದ್ಧ ಹತ್ತಿದ್ದು ಒಂದು ಸಂತೆಯಲ್ಲಿ. ಗಡಿಯಲ್ಲಿ ರೋಮನ್ನರೂ ಹೂಣರೂ ಕೂಡಿ ವ್ಯಾಪಾರ ಮಾಡುವ ಸಂತೆ ಅದು. ವ್ಯಾಪಾರ ನಡೆಯುತ್ತಿದ್ದಾಗಲೇ ಹೂಣರು ಮೇಲೆ ಬಿದ್ದರು. ಕೇಳಿದರೆ, ಮಾರ್ಗಸ್ ಊರಿನ ಬಿಷಪ್ಪನು ನಮ್ಮ ರಾಜರ ಸಮಾಧಿ ಅಗೆದು ಒಡವೆ ಕದ್ದಿದ್ದಾನೆ ಅಂದರು. ಊರಿನವರು ತನ್ನನ್ನು ಹಿಡಿದುಕೊಟ್ಟಾರು ಅಂತ ಹೆದರಿದ ಆ ಬಿಷಪ್ಪ, ತಾನೇ ಹೂಣರ ಕಡೆ ಹೋಗಿ, ರಾತ್ರಿ ಊರನ್ನೇ ಅವರ ಕೈಗೆ ಒಪ್ಪಿಸಿಬಿಟ್ಟ. ಆ ಹೊತ್ತಿಗೆ ಪೂರ್ವ ರೋಮಿನ ಒಳ್ಳೆಯ ಪಡೆಗಳು ವ್ಯಾಂಡಲರ ವಿರುದ್ಧ ಹಡಗು ಹತ್ತಿ ಸಿಸಿಲಿಗೆ ಹೋಗಿದ್ದವು. ಗಡಿ ತೆಳುವಾಗಿತ್ತು.

ನೈಸಸ್ ಕೋಟೆಯ ಮುತ್ತಿಗೆಯನ್ನು ಪ್ರಿಸ್ಕಸ್ ಬಹಳ ವಿವರವಾಗಿ ಹೇಳಿದ್ದಾನೆ. ಆ ಊರು ಇಂದಿನ ಸರ್ಬಿಯಾದ ನಿಶ್. ಹೂಣರು ಬಯಲಿನವರು, ಗೋಡೆ ಕಂಡರೆ ವಾಪಸ್ ಹೋಗುತ್ತಾರೆ ಅಂತ ರೋಮನ್ನರು ನಂಬಿದ್ದರು. ಆದರೆ ಅವರು ಬಂದವರೇ ನದಿಗೆ ಸೇತುವೆ ಕಟ್ಟಿದರು. ಗಾಲಿಗಳ ಮೇಲೆ ಮರದ ಅಟ್ಟಣೆ ನಿಲ್ಲಿಸಿ, ಹೆಣೆದ ತಟ್ಟಿಗೂ ಚರ್ಮಕ್ಕೂ ಮರೆಯಾಗಿ ನಿಂತು, ಗೋಡೆಯ ಮೇಲಿನವರಿಗೆ ಬಾಣ ಬಿಟ್ಟರು. ಆಮೇಲೆ ತುದಿಗೆ ಲೋಹ ಹೊಡೆದ ದೊಡ್ಡ ತೊಲೆಗಳನ್ನು ಸರಪಳಿಯಲ್ಲಿ ತೂಗುಹಾಕಿ, ಹಿಂದಕ್ಕೆ ಹಗ್ಗದಿಂದ ಎಳೆದು ಬಿಟ್ಟು ಗೋಡೆಗೆ ಗುದ್ದಿಸಿದರು. ಒಳಗಿನವರು ಗಾಡಿಯಷ್ಟು ಗಾತ್ರದ ಬಂಡೆಗಳನ್ನು ಮೇಲಿಂದ ಉರುಳಿಸಿದರು. ಕೆಲವು ಯಂತ್ರ ಮುರಿದವು, ಆದರೆ ಯಂತ್ರಗಳ ಸಂಖ್ಯೆ ಹೆಚ್ಚಿತ್ತು. ಏಣಿಗಳು ಬಂದವು. ನೈಸಸ್ ಬಿತ್ತು. ಇಂಥ ಯಂತ್ರ ಮಾಡುವ ವಿದ್ಯೆ ಹುಲ್ಲುಗಾವಲಿನಲ್ಲಿ ಹುಟ್ಟುವಂಥದ್ದಲ್ಲ. ರೋಮನ್ ಕೈದಿಗಳಿಂದಲೋ ರೋಮಿನ ಸೈನ್ಯದಲ್ಲಿ ಕೂಲಿಗೆ ಇದ್ದು ಬಂದವರಿಂದಲೋ ಕಲಿತಿರಬೇಕು. 449ರಲ್ಲಿ ಪ್ರಿಸ್ಕಸ್ ಅದೇ ದಾರಿಯಲ್ಲಿ ಹೋದಾಗ ಊರು ಖಾಲಿ. ಗುಡಿಗಳಲ್ಲಿ ಕೆಲವು ರೋಗಿಗಳು ಮಾತ್ರ ಇದ್ದರು. ಅವನ ಗುಂಪಿಗೆ ಬಿಡಾರ ಹೂಡಲು ನದಿದಡದಲ್ಲಿ ಜಾಗ ಸಿಗಲಿಲ್ಲ, ಅಲ್ಲೆಲ್ಲ ಸತ್ತವರ ಮೂಳೆ ತುಂಬಿತ್ತು.

ಹಾಗಾದರೆ ಕಾನ್‌ಸ್ಟಾಂಟಿನೋಪಲ್ ಯಾಕೆ ಬೀಳಲಿಲ್ಲ? 413ರ ಹೊತ್ತಿಗೆ ಅಲ್ಲಿ ಹೊಸ ಗೋಡೆ ಕಟ್ಟಿದ್ದರು. ಸುಮಾರು 12 ಮೀಟರ್ ಎತ್ತರ, 5 ಮೀಟರ್ ದಪ್ಪ, ಉದ್ದಕ್ಕೂ ಬುರುಜುಗಳು. 447ರ ಜನವರಿಯಲ್ಲಿ ಭೂಕಂಪ ಆಗಿ 57 ಬುರುಜು ಕುಸಿದವು. ಅಟ್ಟಿಲ ಹೊರಟು ಬರುತ್ತಿದ್ದ ವರ್ಷವೇ ಅದು. ಆಗ ನಗರದ ರಥದ ಪಂದ್ಯದ ಎರಡು ಪಕ್ಷಗಳನ್ನು, ಅಂದರೆ ನೀಲಿ ಪಕ್ಷ, ಹಸಿರು ಪಕ್ಷದವರನ್ನು, ಕೆಲಸಕ್ಕೆ ಇಳಿಸಿದರು. ದಿನ ಬೆಳಗಾದರೆ ಒಬ್ಬರಿಗೊಬ್ಬರು ಬಡಿದಾಡುತ್ತಿದ್ದವರು ಅವರು. ಅರವತ್ತು ದಿನದಲ್ಲಿ ಗೋಡೆ ಮತ್ತೆ ಎದ್ದಿತು. ಎದ್ದದ್ದಷ್ಟೇ ಅಲ್ಲ, ಮುಂದೆ ಇನ್ನೊಂದು ಗೋಡೆ, ಅದರ ಮುಂದೆ ಕಂದಕ. ಆ ವರ್ಷ ಉಟಸ್ ನದಿಯ ಹತ್ತಿರ ಹೂಣರು ರೋಮನ್ ಸೈನ್ಯವನ್ನು ಸೋಲಿಸಿದರು. ಸೇನಾಪತಿ ಆರ್ನೆಗಿಸ್ಕ್ಲಸ್ ಕುದುರೆ ಸತ್ತ ಮೇಲೂ ನೆಲದ ಮೇಲೆ ನಿಂತು ಹೋರಾಡಿ ಪ್ರಾಣ ಬಿಟ್ಟ. ದಾಳಿ ಗ್ರೀಸಿನ ಥರ್ಮೊಪಿಲೆವರೆಗೂ ಹೋಯಿತು. ಆದರೆ ರಾಜಧಾನಿಯ ತಂಟೆಗೆ ಬರಲಾಗಲಿಲ್ಲ. ಆ ನಗರದ ಮೂರು ಕಡೆ ನೀರು, ಧಾನ್ಯ ಹಡಗಿನಲ್ಲಿ ಬರುತ್ತೆ. ಹೂಣರಿಗೆ ಹಡಗಿಲ್ಲ. ಮುತ್ತಿಗೆ ಹಾಕಿ ತಿಂಗಳುಗಟ್ಟಲೆ ಕೂತರೆ ಹಸಿವಾಗುವುದು ಹೊರಗಿನವರಿಗೇ, ಅವರ ಕುದುರೆಗಳಿಗೇ.

ಪ್ರಿಸ್ಕಸ್‌ನ ಹೆಸರು ಮತ್ತೆ ಮತ್ತೆ ಬಂತು. ಅವನು 449ರಲ್ಲಿ ರಾಯಭಾರಿ ಮ್ಯಾಕ್ಸಿಮಿನಸ್ ಜೊತೆ ಅಟ್ಟಿಲನ ಊರಿಗೆ ಹೋಗಿ ಕಣ್ಣಾರೆ ಕಂಡವನು. ದಾರಿಯ ಹಳ್ಳಿಗಳಲ್ಲಿ ಅವರಿಗೆ ಗೋಧಿಯ ಬದಲು ಬರಗಿನಂಥ ಕಿರುಧಾನ್ಯ ಕೊಟ್ಟರಂತೆ. ಔತಣದಲ್ಲಿ ಅತಿಥಿಗಳಿಗೆ ಬೆಳ್ಳಿ ತಟ್ಟೆ, ಅಟ್ಟಿಲನಿಗೆ ಮಾತ್ರ ಮರದ ತಟ್ಟೆ, ಮರದ ಬಟ್ಟಲು. ಅಲ್ಲಿ ಹೂಣರ ಉಡುಪಿನಲ್ಲಿದ್ದ ಒಬ್ಬ ಗ್ರೀಕ್ ಭಾಷೆಯಲ್ಲಿ ಮಾತಾಡಿಸಿದ. ಅವನು ಹಿಂದೆ ರೋಮನ್ ಊರೊಂದರಲ್ಲಿ ವ್ಯಾಪಾರಿ, ಯುದ್ಧದಲ್ಲಿ ಕೈದಿಯಾದವನು. ಹೂಣರ ಪರ ಹೋರಾಡಿ ಬಿಡುಗಡೆ ಪಡೆದಿದ್ದ. ಈಗ ಇಲ್ಲೇ ಸುಖವಾಗಿದ್ದೇನೆ, ಅಲ್ಲಿ ತೆರಿಗೆ ಕಾಟ, ಬಡವನಿಗೆ ಕೋರ್ಟಿನಲ್ಲಿ ನ್ಯಾಯ ಬೇಕಾದರೆ ದುಡ್ಡು ಸುರಿಯಬೇಕು ಅಂದನಂತೆ. ಪ್ರಿಸ್ಕಸ್ ರೋಮಿನ ಕಾನೂನನ್ನು ಸಮರ್ಥಿಸಿ ವಾದ ಮಾಡಿದ. ಕೊನೆಗೆ ಆ ಮನುಷ್ಯ ಕಣ್ಣೀರು ಹಾಕಿ, ಕಾನೂನು ಒಳ್ಳೆಯದೇ, ನಡೆಸುವವರು ಹಿಂದಿನವರ ಹಾಗಿಲ್ಲ ಅಂದ. ಇನ್ನೊಬ್ಬ ಕೈದಿಯ ಕಥೆ ಇದಕ್ಕಿಂತ ಬೇಸರದ್ದು. ಅವನು ಸಿರ್ಮಿಯಂ ಊರಿನ ಕಟ್ಟಡ ಕಟ್ಟುವವನು. ಹೂಣ ಮಂತ್ರಿ ಒನೆಗೆಸಿಯಸ್‌ಗೆ ಕಲ್ಲಿನ ಸ್ನಾನದ ಮನೆ ಕಟ್ಟಿಕೊಟ್ಟರೆ ಬಿಡುಗಡೆ ಆಗಬಹುದು ಅಂತ ಚೆನ್ನಾಗಿ ಕಟ್ಟಿದ. ಕಟ್ಟಿದ್ದೇ ತಡ, ಅವನನ್ನು ಅದೇ ಮನೆಯಲ್ಲಿ ನೀರು ಕಾಯಿಸಿ ಸ್ನಾನ ಮಾಡಿಸುವ ಆಳಾಗಿ ಇಟ್ಟುಕೊಂಡರು.

ಆ ರಾಯಭಾರದ ಒಳಗೆ ಒಂದು ಮೋಸವೂ ಅಡಗಿತ್ತು. ಚಕ್ರವರ್ತಿಯ ಆಪ್ತ ಕ್ರಿಸಾಫಿಯಸ್, 50 ಪೌಂಡು ಚಿನ್ನ ಕೊಟ್ಟು ಹೂಣರ ಎಡೆಕೊ ಎಂಬುವನ ಕೈಯಿಂದ ಅಟ್ಟಿಲನನ್ನು ಕೊಲ್ಲಿಸಲು ಹೂಡಿದ್ದ. ಎಡೆಕೊ ಹೋಗಿ ಅಟ್ಟಿಲನಿಗೇ ಹೇಳಿಬಿಟ್ಟ! ಪ್ರಿಸ್ಕಸ್‌ಗೂ ಮ್ಯಾಕ್ಸಿಮಿನಸ್‌ಗೂ ಈ ಸಂಚು ಗೊತ್ತೇ ಇರಲಿಲ್ಲ. ಅಟ್ಟಿಲ ಅವರನ್ನು ಕೊಲ್ಲದೆ ಕಳಿಸಿದ. ನಾಗರಿಕರು ಯಾರು, ಅನಾಗರಿಕರು ಯಾರು ಅಂತ ತರಗತಿಯಲ್ಲಿ ಚರ್ಚೆ ಮಾಡುವುದಾದರೆ ಇಲ್ಲಿಂದ ಶುರುಮಾಡಬಹುದು.

ಪಶ್ಚಿಮ ರೋಮಿನ ಕಥೆ ಇನ್ನೂ ವಿಚಿತ್ರ. ಅಲ್ಲಿನ ಸೇನಾಪತಿ ಏಟಿಯಸ್ ಹುಡುಗನಾಗಿದ್ದಾಗ ಹೂಣರ ಬಳಿ ಒತ್ತೆಯಾಳಾಗಿ ಇದ್ದವನು. ಅವರ ಸ್ನೇಹ, ಅವರ ಯುದ್ಧರೀತಿ ಎರಡೂ ಅವನಿಗೆ ಗೊತ್ತು. ಮುಂದೆ ಅವನು ಗಾಲ್‌ನಲ್ಲಿ (ಇಂದಿನ ಫ್ರಾನ್ಸ್) ಬರ್ಗಂಡಿಯರನ್ನೂ ಗಾಥರನ್ನೂ ಹತ್ತಿಕ್ಕಲು ತಂದದ್ದು ಹೂಣರ ಕೂಲಿ ಪಡೆಗಳನ್ನೇ. ಹಾಗಾಗಿ ಪಶ್ಚಿಮದಲ್ಲಿ ಬಹಳ ವರ್ಷ ಹೂಣರು ರೋಮಿನ ಶತ್ರುಗಳಾಗಿರಲಿಲ್ಲ, ರೋಮಿನ ಸಂಬಳ ತಿನ್ನುವವರಾಗಿದ್ದರು. 450ರಲ್ಲಿ ಪೂರ್ವದ ಹೊಸ ಚಕ್ರವರ್ತಿ ಮಾರ್ಷಿಯನ್ ಕಪ್ಪ ನಿಲ್ಲಿಸಿದ. ಅಟ್ಟಿಲ ಪಶ್ಚಿಮಕ್ಕೆ ತಿರುಗಿದ. 451ರಲ್ಲಿ ರೈನ್ ದಾಟಿ ಮೆಟ್ಸ್ ಊರು ಸುಟ್ಟು ಓರ್ಲಿಯನ್ಸ್‌ಗೆ ಮುತ್ತಿಗೆ ಹಾಕಿದ. ಏಟಿಯಸ್ ಏನು ಮಾಡಿದ? ನಿನ್ನೆಯವರೆಗೂ ತಾನು ಹೊಡೆಯುತ್ತಿದ್ದ ಪಶ್ಚಿಮ ಗಾಥರ ರಾಜ ಥಿಯೊಡೊರಿಕ್‌ನ ಜೊತೆ ಸೇರಿಕೊಂಡ.

ಎರಡು ಸೈನ್ಯ ಕಟಲೋನಿಯನ್ ಬಯಲಿನಲ್ಲಿ ಎದುರಾದವು. ಒಂದು ಕಡೆ ರೋಮನ್ನರು, ಪಶ್ಚಿಮ ಗಾಥರು, ಅಲನರು, ಫ್ರಾಂಕರು. ಇನ್ನೊಂದು ಕಡೆ ಹೂಣರು, ಪೂರ್ವ ಗಾಥರು, ಗೆಪಿಡರು. ಎರಡು ಕಡೆಯೂ ಗಾಥರೇ! ನಡುವಿನ ಗುಡ್ಡದ ನೆತ್ತಿಯನ್ನು ರೋಮನ್ ಕಡೆಯವರು ಮೊದಲು ಹಿಡಿದರು. ಏಟಿಯಸ್ ನಂಬಿಕೆ ಇಲ್ಲದ ಅಲನರನ್ನು ಓಡಿಹೋಗದಂತೆ ಮಧ್ಯದಲ್ಲಿ ನಿಲ್ಲಿಸಿದ. ಸಂಜೆವರೆಗೂ ಕೈಕೈ ಮಿಲಾಯಿಸಿ ಹೊಡೆದಾಟ ಆಯಿತು. ಥಿಯೊಡೊರಿಕ್ ಸತ್ತ. ಅಟ್ಟಿಲ ಗಾಡಿಗಳನ್ನು ಸುತ್ತ ನಿಲ್ಲಿಸಿ ಒಳಗೆ ಸೇರಿದ; ಜೀವಂತ ಸಿಕ್ಕಬಾರದು ಅಂತ ಕುದುರೆ ಜೀನುಗಳನ್ನೇ ಒಟ್ಟಿ ಚಿತೆ ಸಿದ್ಧಮಾಡಿಸಿದ್ದನಂತೆ. ಸತ್ತವರು 1,65,000 ಅಂತ ನೂರು ವರ್ಷದ ನಂತರ ಜೋರ್ಡಾನೆಸ್ ಬರೆದ. ಮೇಲೆ ಹೇಳಿದ ಹುಲ್ಲಿನ ಲೆಕ್ಕ ಹಾಕಿದವರು ಇದನ್ನು ನಂಬುವುದಿಲ್ಲ. ಏಟಿಯಸ್ ಮಾರನೆಯ ದಿನ ಅಟ್ಟಿಲನನ್ನು ಮುಗಿಸಲು ಹೋಗಲಿಲ್ಲ. ಹೂಣರು ಪೂರ್ತಿ ಹೋದರೆ ಗಾಥರು ತಲೆಯ ಮೇಲೆ ಕೂರುತ್ತಾರೆ ಅನ್ನುವ ಭಯ ಅವನಿಗೆ ಅಂತ ಜೋರ್ಡಾನೆಸ್ ಹೇಳುತ್ತಾನೆ.

452ರಲ್ಲಿ ಅಟ್ಟಿಲ ಇಟಲಿಗೆ ಬಂದ. ಅಕ್ವಿಲಿಯಾ ಕೋಟೆ ಬಹಳ ದಿನ ಸತಾಯಿಸಿ ಕೊನೆಗೆ ಬಿತ್ತು. ಮಿಲಾನ್‌ನಲ್ಲಿ ಅವನಿಗೆ ಒಂದು ಚಿತ್ರ ಕಂಡಿತು: ಚಿನ್ನದ ಸಿಂಹಾಸನದ ಮೇಲೆ ರೋಮನ್ ಚಕ್ರವರ್ತಿಗಳು, ಕಾಲಡಿ ಸತ್ತುಬಿದ್ದ ಹುಲ್ಲುಗಾವಲಿನ ಜನ. ಅಟ್ಟಿಲ ಚಿತ್ರಗಾರನನ್ನು ಕರೆಸಿ ಬೇರೆ ಚಿತ್ರ ಬರೆಸಿದ. ಅದರಲ್ಲಿ ಸಿಂಹಾಸನದ ಮೇಲೆ ತಾನು, ಚಕ್ರವರ್ತಿಗಳು ಚೀಲ ಹೊತ್ತು ತಂದು ಕಾಲಡಿ ಚಿನ್ನ ಸುರಿಯುತ್ತಿದ್ದಾರೆ! ಆಮೇಲೆ ಪೋಪ್ ಲಿಯೋ ಬಂದು ಮಾತಾಡಿದರು, ಅಟ್ಟಿಲ ಹಿಂದಿರುಗಿದ. ಪೋಪರ ಮಾತಿನ ಮಹಿಮೆ ಅಂತಲೇ ಕಥೆ ಹೇಳುತ್ತಾರೆ. ಪೋಪರ ಧೈರ್ಯ ದೊಡ್ಡದೇ. ಆದರೆ ಅದೇ ಕಾಲದ ಹೈಡೇಷಿಯಸ್ ಬೇರೆ ಕಾರಣಗಳನ್ನು ಬರೆದಿದ್ದಾನೆ: ಹೂಣರ ದಂಡಿನಲ್ಲಿ ಬರ ಮತ್ತು ರೋಗ, ಜೊತೆಗೆ ಮಾರ್ಷಿಯನ್ ಕಳಿಸಿದ ಪಡೆಯ ಹೊಡೆತ. ನನ್ನ ಎರಡನೆಯ ಪ್ರಶ್ನೆಗೆ ಉತ್ತರ ಇಲ್ಲೇ ಇದೆ.

453ರಲ್ಲಿ ಅಟ್ಟಿಲ ಮದುವೆಯ ರಾತ್ರಿ ಮೂಗಿನಿಂದ ರಕ್ತ ಸುರಿದು ಸತ್ತ. ಮರುವರ್ಷ ನೆಡಾವೊ ನದಿಯ ಬಳಿ ಗೆಪಿಡರ ರಾಜ ಆರ್ಡರಿಕ್ ಮತ್ತವನ ಜೊತೆಗಾರರು ಅಟ್ಟಿಲನ ಮಕ್ಕಳನ್ನು ಸೋಲಿಸಿದರು. ಹೂಣರ ರಾಜ್ಯ ಒಡೆದದ್ದು ಅವರ ಕೈಕೆಳಗಿನವರಿಂದ, ರೋಮನ್ನರಿಂದಲ್ಲ. ಅದೇ ವರ್ಷ ಪಶ್ಚಿಮದ ಚಕ್ರವರ್ತಿ ವ್ಯಾಲೆಂಟಿನಿಯನ್ ತನ್ನ ಕೈಯಾರೆ ಏಟಿಯಸ್‌ನನ್ನು ಕತ್ತಿಯಿಂದ ಕೊಂದ. ರೋಮ್ ನಗರವನ್ನು 410ರಲ್ಲಿ ಲೂಟಿ ಮಾಡಿದವರು ಗಾಥರು, 455ರಲ್ಲಿ ವ್ಯಾಂಡಲರು. 476ರಲ್ಲಿ ಕೊನೆಯ ಚಕ್ರವರ್ತಿಯನ್ನು ಇಳಿಸಿದವನು ರೋಮಿನ ಸೈನ್ಯದಲ್ಲೇ ಇದ್ದ ಓಡೋಯೇಸರ್. ಪರೀಕ್ಷೆಯಲ್ಲಿ ಹೂಣರು ರೋಮ್ ನಗರವನ್ನು ನಾಶಮಾಡಿದರು ಅಂತ ಯಾರಾದರೂ ಬರೆದರೆ ಗುರುಗಳು ಅಂಕ ಕೊಡಬಾರದು.

ಪೂರ್ವ ರೋಮ್ ಮಾತ್ರ ಆ ಗೋಡೆಯ ಹಿಂದೆ ಇನ್ನೂ ಸಾವಿರ ವರ್ಷ ಬಾಳಿತು. ತನ್ನನ್ನು ಸೋಲಿಸಿದವರ ವಿದ್ಯೆಯನ್ನು ಅದು ಕಲಿಯಿತು. 530ರಲ್ಲಿ ದಾರಾ ಕೋಟೆಯ ಬಳಿ ಪರ್ಷಿಯನ್ನರ ಮೇಲೆ ಬೆಲಿಸೇರಿಯಸ್ ಗೆದ್ದಾಗ ಅವನ ಪಡೆಯ ಒಂದು ಮುಖ್ಯ ಭಾಗ ಹೂಣ ಸವಾರರದ್ದು. ಸುಮಾರು 600ರಲ್ಲಿ ಬರೆದ ಸ್ಟ್ರಾಟೆಜಿಕಾನ್ ಎಂಬ ರೋಮನ್ ಯುದ್ಧಶಾಸ್ತ್ರದ ಪುಸ್ತಕ, ಸೈನಿಕನಿಗೆ ಮೊದಲು ಕಲಿಸಬೇಕಾದದ್ದು ಬೇಗ ಬೇಗ ಬಾಣ ಬಿಡುವುದನ್ನು ಅನ್ನುತ್ತೆ. ಕುದುರೆ ಓಡುತ್ತಿರುವಾಗಲೇ ಒಂದೆರಡು ಬಾಣ ಬಿಡಬೇಕು, ಬಿಲ್ಲನ್ನು ಚೀಲಕ್ಕೆ ಸೇರಿಸಿ ಬೆನ್ನಿನ ಮೇಲಿನ ಈಟಿ ಎಳೆಯಬೇಕು, ಮತ್ತೆ ಈಟಿ ಬೆನ್ನಿಗೆ ಹಾಕಿ ಬಿಲ್ಲು ಹಿಡಿಯಬೇಕು. ಇದನ್ನು ಪ್ರಯಾಣದ ದಾರಿಯಲ್ಲೂ ಅಭ್ಯಾಸ ಮಾಡುತ್ತಿರಬೇಕಂತೆ.